ಗಿರಣಿ ಮೂಲೆಯ ಗೋಡೆ

ನಮ್ಮೂರಿಗೆ ಬರುವ ಬಸ್ಸು ಖಾಲಿ ಮೈದಾನದ ನಡುವೆ, ಎದುರಿಗೆ ಒಂದು ಕಲ್ಲೂ ಇಲ್ಲದಿದ್ದರೂ, ಎಡಕ್ಕೆ ಹೊರಳಿ ದೊಡ್ಡ ಸುತ್ತು ಹಾಕಿ ಆಮೇಲೆ ನಿಲ್ದಾಣಕ್ಕೆ ಬರುತ್ತದೆ. ಒಮ್ಮೆ ಹೊಸ ಡ್ರೈವರೊಬ್ಬ ಬಂದಿದ್ದ. ಮಹಾ ಬುದ್ಧಿವಂತ. ಡೀಸೆಲ್ ಉಳಿಸುತ್ತೇನೆಂದು ನೇರ ಹೊಡೆದ. ಬಸ್ಸು ಸಲೀಸಾಗಿ ಮುಂದೆ ಹೋಯಿತು, ಪ್ರಯಾಣಿಕರು ಮಾತ್ರ ಹೋಗಲಿಲ್ಲ. ಮುಂದಿನ ಸೀಟಿನವರು ಹಿಂದಿನ ಸೀಟಿನವರ ಮಡಿಲಿಗೆ, ಅವರು ಅವರ ಹಿಂದಿನವರ ಮಡಿಲಿಗೆ ಬಂದು, ಕೊನೆಗೆ ಊರವರೆಲ್ಲ ಹಿಂಬದಿಯ ಗಾಜಿಗೆ ಮುಖ ಒತ್ತಿಕೊಂಡು ಬಿದ್ದಿದ್ದರು. ಗಾಜು ಒಡೆದು ಮೂವರು ರಸ್ತೆಗೇ ಇಳಿದರು. ಬಸ್ಸಿನಲ್ಲಿ ಕೂತ ಜಾಗದಲ್ಲೇ ಕೂತವರೆಂದರೆ ಡ್ರೈವರು, ಕಂಡಕ್ಟರು ಮತ್ತು ಬಳೆ ಮಾರಲು ಬಂದ ಪರವೂರಿನ ಹೆಂಗಸು. ಆ ಬಸ್ಸಿನಲ್ಲಿ ಅವತ್ತು ನಾನಿರಲಿಲ್ಲ. ಇದ್ದಿದ್ದರೆ ನನ್ನ ಗತಿ ಏನಾಗುತ್ತಿತ್ತೆಂದು ನೆನೆದರೆ ಈಗಲೂ ಬೆವರು ಬರುತ್ತದೆ. ಯಾಕೆಂದು ಆಮೇಲೆ ಹೇಳುತ್ತೇನೆ.

ಅಲ್ಲಿದ್ದದ್ದು ಹಳೆಯೂರಿನ ಗೋಡೆ. ಐವತ್ತೈದು ವರ್ಷದ ಹಿಂದೆ ಈ ಜನರನ್ನೆಲ್ಲ ಲಾರಿಯಲ್ಲಿ ತುಂಬಿ ಇಲ್ಲಿ ತಂದು ಇಳಿಸಿದರು. ಸಾಮಾನು ಅರ್ಧ ಅಲ್ಲೇ ಉಳಿಯಿತು, ಗೋಡೆಗಳು ಮಾತ್ರ ಜೊತೆಗೆ ಬಂದವು. ಕಣ್ಣಿಗೆ ಕಾಣುವುದಿಲ್ಲ. ನಾಯಿಗೆ, ಎಮ್ಮೆಗೆ, ಚೆಂಡಿಗೆ, ಪರವೂರಿನವರಿಗೆ ತಾಕುವುದೂ ಇಲ್ಲ. ಊರವರಿಗೂ ಅವರ ಮಕ್ಕಳು ಮೊಮ್ಮಕ್ಕಳಿಗೂ ಮಾತ್ರ ಹಣೆ ಒಡೆಯುವಷ್ಟು ಗಟ್ಟಿ. ಸರ್ಕಾರ ಪಟ್ಟಿ ಇಟ್ಟು ಗೆರೆ ಎಳೆದಂತೆ ಹೊಸ ಮನೆಗಳನ್ನು ಕಟ್ಟಿಕೊಟ್ಟಿತ್ತು. ಹಳೆಯೂರಿನ ಗೋಡೆಗಳು ಆ ಮನೆಗಳೊಳಗೆ ತಮಗೆ ತಿಳಿದ ಹಾಗೆ ಅಡ್ಡಡ್ಡ ನಿಂತುಕೊಂಡವು. ನಮ್ಮ ಪಕ್ಕದ ಮನೆಯ ಸಂಕಪ್ಪನ ಅಡುಗೆಮನೆಯ ನಡುವೆಯೇ ಒಂದು ಗೋಡೆ ಹಾದಿದೆ. ಹೆಂಡತಿ ಗೌರವ್ವ ಒಲೆಯ ಕಡೆ, ಅವನು ಬಾಗಿಲ ಕಡೆ. ಅವಳು ರೊಟ್ಟಿಯ ತಟ್ಟೆಯನ್ನು ನೆಲದ ಮೇಲೆ ಜಾರಿಸುತ್ತಾಳೆ, ತಟ್ಟೆ ಗೋಡೆ ದಾಟಿ ಬರುತ್ತದೆ. ಅವಳ ಕೈ ಬರುವುದಿಲ್ಲ. ತಮ್ಮ ಸಂಸಾರ ಇಷ್ಟು ವರ್ಷ ಸುಸೂತ್ರವಾಗಿ ನಡೆದದ್ದೇ ಆ ಗೋಡೆಯಿಂದ ಎಂದು ಇಬ್ಬರೂ ಬೇರೆಬೇರೆಯಾಗಿ ನನ್ನ ಹತ್ತಿರ ಹೇಳಿದ್ದಾರೆ.

ನಾನು ಈ ಊರಿಗೆ ಸೊಸೆಯಾಗಿ ಬಂದವಳು. ಹೆಸರು ನೀಲವ್ವ. ಇಲ್ಲಿಯ ಶಾಲೆಯಲ್ಲಿ ಮಾಸ್ತರಿಕೆ ಮಾಡುತ್ತೇನೆ. ಹೊರಗಿನಿಂದ ಬಂದ ಸೊಸೆಗೆ ಮೊದಮೊದಲು ಗೋಡೆ ತಾಕುವುದಿಲ್ಲ. ಆದರೆ ವರ್ಷ ತುಂಬುವುದರೊಳಗೆ ಒಂದು ದಿನ ತಾನೇ ತಾಕುತ್ತದೆ. ಅವತ್ತು ಅತ್ತೆಯಾದವಳು ಸೊಸೆಯ ಹಣೆಯ ಬುಗುಟಿಗೆ ಅರಿಸಿನ ಹಚ್ಚಿ, ಓಣಿಗೆಲ್ಲ ಬೆಲ್ಲ ಕೊಬ್ಬರಿ ಹಂಚಬೇಕು. ಅದಕ್ಕೆ ಗೋಡೆಬೆಲ್ಲ ಎನ್ನುತ್ತಾರೆ. ಅಲ್ಲಿಗೆ ಅವಳು ಊರವಳಾದಳು ಎಂದು ಲೆಕ್ಕ. ನನ್ನ ಜೊತೆಗೇ ಮದುವೆಯಾಗಿ ಬಂದ ಗೌರವ್ವ ನಾಲ್ಕೇ ತಿಂಗಳಿಗೆ ಹಣೆ ಬಡಿಸಿಕೊಂಡಳು. ನನಗೆ ವರ್ಷವಾಯಿತು, ಒಂದೂವರೆ ವರ್ಷವಾಯಿತು, ಏನೂ ಇಲ್ಲ. ದಿನಾ ಬೆಳಿಗ್ಗೆ ಎದ್ದು ಗೋಡೆ ಇದ್ದಲ್ಲೆಲ್ಲ ಹಣೆ ಮುಂದೆ ಮಾಡಿಕೊಂಡು ನಡೆದೆ. ಗಾಳಿ ಬಿಟ್ಟರೆ ಏನೂ ತಾಕಲಿಲ್ಲ. ಓಣಿಯ ಹೆಂಗಸರು ನನ್ನ ಬೋಳು ಹಣೆಯನ್ನು ನೋಡಿ ನೋಡಿ ಮಾತು ಬೇರೆ ಕಡೆ ತಿರುಗಿಸತೊಡಗಿದರು. ನನಗೆ ಅವಮಾನವಾಗುತ್ತಿತ್ತು. ಅಳುವೂ ಬರುತ್ತಿತ್ತು.

ಕೊನೆಗೆ ಒಂದು ದಿನ ನೀರಿನ ಕೊಡ ಹೊತ್ತು ಬರುವಾಗ, ದಾವಲಸಾಬರ ಹಿಟ್ಟಿನ ಗಿರಣಿಯ ಮೂಲೆಯಲ್ಲಿ, ನಾಲ್ಕು ಜನ ನೋಡುತ್ತಿದ್ದಾರೆ ಎಂಬುದನ್ನು ಖಾತ್ರಿ ಮಾಡಿಕೊಂಡು, “ಅಯ್ಯೋ!” ಎಂದು ಹಣೆ ಹಿಡಿದು ಹಿಂದಕ್ಕೆ ಬಿದ್ದೆ. ಕೊಡ ಒಡೆಯಿತು. ಜನ ಓಡಿ ಬಂದರು. ಬಂದವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಅದರ ಅರ್ಥ ನನಗೆ ಆಗ ತಿಳಿಯಲಿಲ್ಲ. ಅಷ್ಟರಲ್ಲಿ ನನ್ನ ಅತ್ತೆ ಬಾಳವ್ವ ಜನರನ್ನು ಸರಿಸಿಕೊಂಡು ಬಂದು, ಬುಗುಟೇ ಇಲ್ಲದ ನನ್ನ ಹಣೆಗೆ ಅಂಗೈ ಅಗಲ ಅರಿಸಿನ ಬಳಿದು, “ಏನ್ ನೋಡಾಕತ್ತೀರಿ? ಬೆಲ್ಲ ಬ್ಯಾಡೇನು ಯಾರಿಗೂ?” ಎಂದಳು. ಅವತ್ತಿನಿಂದ ನಾನು ಊರವಳು. ಊರಿನ ಗೋಡೆಗಳನ್ನೆಲ್ಲ ಮಗ್ಗಿಯಂತೆ ಬಾಯಿಪಾಠ ಮಾಡಿಕೊಂಡು, ತಾಕದ ಗೋಡೆಗಳನ್ನು ಸುತ್ತಿ ಸುತ್ತಿ ಇಪ್ಪತ್ತೆರಡು ವರ್ಷ ನಡೆದೆ. ಗಿರಣಿ ಮೂಲೆಯಲ್ಲೂ ಸುತ್ತಿ ನಡೆದೆ. ಊರವರೂ ಅಲ್ಲಿ ಸುತ್ತಿಯೇ ನಡೆಯುತ್ತಿದ್ದರು. ಅಲ್ಲಿ ನಿಜಕ್ಕೂ ಒಂದು ಗೋಡೆ ಇತ್ತು, ಕಣ್ಣುಮುಚ್ಚಿ ಬಿದ್ದರೂ ಸರಿಯಾದ ಜಾಗದಲ್ಲೇ ಬಿದ್ದೆ ಎಂದು ನನ್ನ ಜಾಣತನಕ್ಕೆ ನಾನೇ ಬೆನ್ನು ತಟ್ಟಿಕೊಂಡಿದ್ದೆ.

ಹೀಗಿರುವಾಗ ಸರ್ಕಾರದಿಂದ ಒಂದು ಕಾಗದ ಬಂತು. ಎಲ್ಲೆಲ್ಲಿಂದ ಯಾರ್ಯಾರನ್ನು ಎಬ್ಬಿಸಿ ಕಳಿಸಲಾಗಿದೆಯೋ ಅವರ ಹೇಳಿಕೆಗಳನ್ನು ಒಂದು ದೊಡ್ಡ ಪುಸ್ತಕದಲ್ಲಿ ದಾಖಲು ಮಾಡುತ್ತಾರಂತೆ. ನಿಮ್ಮ ಹಳೆಯೂರಿನ ಹೆಸರು ನಮ್ಮ ಯಾವ ಕಡತದಲ್ಲೂ ಇಲ್ಲ, ನೀವು ಮೊದಲಿನಿಂದ ಇಲ್ಲಿಯೇ ಇದ್ದಂತೆ ಕಾಣುತ್ತದೆ, ಅಲ್ಲ ಎನ್ನುವುದಾದರೆ ಹೇಳಿಕೆ ಮತ್ತು ನಕ್ಷೆ ಸಿದ್ಧಮಾಡಿ, ಅಧಿಕಾರಿ ಬಂದು ಪರೀಕ್ಷಿಸುತ್ತಾರೆ ಎಂದು ಬರೆದಿತ್ತು. ಪರೀಕ್ಷೆಯಲ್ಲಿ ಸುಳ್ಳು ಕಂಡರೆ ಊರಿನ ಪುಟವನ್ನೇ ಮುಚ್ಚುವುದಾಗಿಯೂ ಕೆಳಗೆ ಸಣ್ಣ ಅಕ್ಷರದಲ್ಲಿತ್ತು. ಬರೆದುಕೊಳ್ಳುವ ಕೆಲಸ ಟೀಚರಾದ ನನ್ನ ಮೇಲೆ ಬಿತ್ತು.

ಹಳೆಯೂರಿನಿಂದ ಬಂದವರಲ್ಲಿ ನಲವತ್ತು ಮಂದಿ ಉಳಿದಿದ್ದರು. ಒಬ್ಬೊಬ್ಬರನ್ನಾಗಿ ಶಾಲೆಯ ಜಗುಲಿಯಲ್ಲಿ ಕೂರಿಸಿಕೊಂಡು ಬರೆದೆ. ನಲವತ್ತು ಮನೆಯಲ್ಲೂ ಹಿತ್ತಾಳೆ ಸರಪಳಿಯ ಜೋಕಾಲಿ ಇತ್ತಂತೆ. ನಲವತ್ತು ಹಿತ್ತಲಲ್ಲೂ ಸಿಹಿನೀರಿನ ಬಾವಿ. ಅವರಿಂದಲೇ ಗೋಡೆ ತಡವಿಸಿ ಅಳೆದು ನೋಡಿದರೆ ಒಂದೊಂದು ಮನೆ ಎಂಟಡಿಗೆ ಹತ್ತಡಿ. ಆ ಮನೆಯಲ್ಲಿ ಜೋಕಾಲಿ ತೂಗಿದರೆ ಕಾಲು ಪಕ್ಕದ ಮನೆಯ ಒಲೆಯೊಳಗೆ ಇರುತ್ತಿತ್ತು. “ಸಂಕಪ್ಪಣ್ಣ, ಜೋಕಾಲಿ ಎಲ್ಲಿ ಕಟ್ಟಿದ್ರಿ?” ಎಂದು ಕೇಳಿದರೆ, “ಬರಕೋ ಅಂದ್ರ ಬರಕೋಬೇಕು, ನೀ ಏನ್ ಪೊಲೀಸಾ?” ಎಂದು ನನಗೇ ಜೋರು ಮಾಡಿದ. ಊರು ಬಿಟ್ಟ ದಿನದ ಮಾತು ಕೇಳಿದರೆ ಅವನ ಮುಖ ಅರಳಿತು. “ಮೊದಲ್ನೇ ಸಲ ಲಾರಿ ಹತ್ತಿದ್ದೆ ನೋಡ್ವಾ. ಭಾಳ ಮಜಾ ಬಂತು. ನಮ್ಮವ್ವ ಯಾಕ ಅಳಾಕತ್ಯಾಳ ಅಂತ ನನಗ ತಿಳೀಲೇ ಇಲ್ಲ,” ಎಂದು ನಗುತ್ತಲೇ ಹೇಳಿದ. ಎಲ್ಲರದೂ ಇದೇ ಕಥೆ. ಅವರೆಲ್ಲ ಅಂದು ಚಡ್ಡಿ ಲಂಗ ತೊಟ್ಟ ಮಕ್ಕಳು. ಜೋಕಾಲಿ ಇತ್ತು, ಲಾರಿ ಬಂತು, ಇಲ್ಲಿಗೆ ಬಂದೆವು. ನಡುವೆ ಏನಾಯಿತೆಂದು ಯಾರಿಗೂ ಗೊತ್ತಿಲ್ಲ.

ಗೊತ್ತಿದ್ದವಳು ಒಬ್ಬಳೇ, ನನ್ನ ಅತ್ತೆ ಬಾಳವ್ವ. ಆಗ ಅವಳು ಇಪ್ಪತ್ತರ ಸೊಸೆ. ಅವಳು ಮೂರು ದಿನ ಕೂತು ಬರೀ ಜೋಕಾಲಿ ಹೇಳಿದಳು. ಮೊದಲ ದಿನ ಒಂದಿದ್ದದ್ದು ಮೂರನೆಯ ದಿನಕ್ಕೆ ಎರಡಾಯಿತು. “ಅತ್ತೀ, ಲಾರಿ ಬಂದ ದಿನದ್ದು ಹೇಳ್ರಿ,” ಎಂದರೆ, “ತಡೀ, ಒಲಿ ಮ್ಯಾಲ ಹಾಲೈತಿ,” ಎಂದು ಎದ್ದು ಹೋಗುತ್ತಿದ್ದಳು. ಹೋಗಿ ನೋಡಿದರೆ ಒಲೆಯೇ ಹೊತ್ತಿಸಿರಲಿಲ್ಲ. ಅವಳ ಹೇಳಿಕೆಯ ಕೊನೆಯ ಹಾಳೆಯನ್ನು ಖಾಲಿ ಬಿಟ್ಟೆ.

ನಕ್ಷೆಯನ್ನು ಪೆನ್ಸಿಲ್ಲಿನಲ್ಲಿ ಬರೆದೆ. ಒಂದೊಂದು ಗೋಡೆಗೆ ಒಂದೊಂದು ಗೆರೆ. ಗಿರಣಿ ಮೂಲೆಗೆ ಬಂದಾಗ ಪೆನ್ಸಿಲ್ ನಿಂತಿತು; ಅಲ್ಲಿಯ ಗೋಡೆಯನ್ನು ಯಾರೂ ತಡವಿ ತೋರಿಸಿರಲಿಲ್ಲ. ಗೆರೆ ಎಳೆಯದಿದ್ದರೆ ಇಪ್ಪತ್ತೆರಡು ವರ್ಷದ ಹಿಂದಿನ ನನ್ನ ಬುಗುಟಿನ ಮೇಲೆ ಅನುಮಾನ ಬರುತ್ತದೆ. ಹೇಗೂ ಊರೆಲ್ಲ ಅಲ್ಲಿ ಸುತ್ತಿ ಹೋಗುತ್ತದಲ್ಲ ಎಂದು ಧೈರ್ಯ ಮಾಡಿ, ಉಳಿದವಕ್ಕಿಂತ ದಪ್ಪಗೆ ಒಂದು ಗೆರೆ ಎಳೆದುಬಿಟ್ಟೆ.

ಅಧಿಕಾರಿಯ ಹೆಸರು ಶ್ರೀಪತಿರಾಯರು. ಸಣಕಲು ಮನುಷ್ಯ, ಕಂಕುಳಲ್ಲಿ ಛತ್ರಿ, ಮಾತಿಗೊಮ್ಮೆ “ನಿಯಮದ ಪ್ರಕಾರ”. ಬಸ್ಸಿಳಿದವರೇ ಮೂರು ಗೋಡೆ, ಒಂದು ದೇವರಮನೆ, ಎರಡು ಬಚ್ಚಲು ದಾಟಿಕೊಂಡು ನೇರ ಶಾಲೆಗೆ ಬಂದರು. ಎದುರುಗೊಳ್ಳಲು ಹೋದ ಪಂಚರು ಹಾರ ಹಿಡಿದು ಅವರ ಹಿಂದೆ ಸುತ್ತು ಹಾಕಿ ಹಾಕಿ ಓಡಿಬರುವಷ್ಟರಲ್ಲಿ ಅವರು ಕುರ್ಚಿಯಲ್ಲಿ ಕೂತು ಬೆವರು ಒರೆಸಿಕೊಂಡಾಗಿತ್ತು. ಗೋಡೆಯ ಸಂಗತಿ ಹೇಳಿದೆವು. ಅವರು ನಗಲೂ ಇಲ್ಲ, ಸಿಟ್ಟಾಗಲೂ ಇಲ್ಲ.

“ನೋಡಿ, ನನಗೇನೂ ತಾಗಲಿಲ್ಲ. ಇಡೀ ಊರು ಸೇರಿ ನಾಟಕ ಆಡ್ತಿದೆ ಅಂತ ನಾನು ಹೇಳೋದಿಲ್ಲ. ಪರೀಕ್ಷೆ ಮಾಡೋಣ. ಒಬ್ಬೊಬ್ಬರದೇ ಕಣ್ಣು ಕಟ್ಟಿ, ಹತ್ತು ಸಲ ಗರಗರ ತಿರುಗಿಸಿ ಬಿಡ್ತೀನಿ. ಎಲ್ಲಿ ನಿಲ್ತಾರೋ ಅಲ್ಲಿ ಸುಣ್ಣ ಹಾಕೋದು. ಆಮೇಲೆ ಟೀಚರಮ್ಮನ ನಕ್ಷೆ ಜೊತೆ ಹೋಲಿಸೋದು,” ಎಂದರು.

ನನ್ನ ಕಣ್ಣು ಕಟ್ಟಿದರೆ ಮುಗಿಯಿತು, ಮುಂದಿನ ಊರು ಸಿಗುವವರೆಗೆ ನಡೆಯುತ್ತಲೇ ಇರುತ್ತೇನೆ. ಸದ್ಯ, ಹಳೆಯೂರಿನಿಂದ ಬಂದವರು ಮಾತ್ರ ನಡೆದರೆ ಸಾಕು, ಟೀಚರಮ್ಮ ಸುಣ್ಣ ಹಾಕಲಿ ಎಂದರು. ದೇವರಿಗೆ ಕೈಮುಗಿದು ಸುಣ್ಣದ ಪುಟ್ಟಿ ಎತ್ತಿಕೊಂಡೆ.

ಇಡೀ ದಿನ ಊರಿಗೆ ಊರೇ ಹಣೆ ಬಡಿಸಿಕೊಂಡಿತು. ತಲೆ ತಿರುಗಿ ಓಲಾಡುತ್ತ ಹೋಗುವುದು, ಧಡ್ಡೆಂದು ನಿಲ್ಲುವುದು, ಬೈಯುವುದು. ಸಂಕಪ್ಪ ಒಂದು ಸಂದಿಯೊಳಗೆ ಸಿಕ್ಕಿ ಹೊರಬರಲಾಗದೆ, “ನನ್ನ ಯಾರರ ತಗೀರೋ!” ಎಂದು ಕೂಗಿದ. ಯಾರು ಹೋದರೂ ಗೋಡೆ ಸುಳ್ಳು ಹೇಳಲಿಲ್ಲ. ಒಬ್ಬ ನಿಂತಲ್ಲೇ ಇನ್ನೊಬ್ಬ ನಿಂತ, ಸುಣ್ಣದ ಚುಕ್ಕೆಯ ಮೇಲೇ ಚುಕ್ಕೆ ಬಿತ್ತು. ಸಂಜೆಯ ಹೊತ್ತಿಗೆ ನೆಲದ ಮೇಲೆ ಓಣಿ, ಮನೆ, ಬಾಗಿಲು ಎಲ್ಲ ಬೆಳ್ಳಗೆ ಮೂಡಿ ನಿಂತಿದ್ದವು. ಐವತ್ತೈದು ವರ್ಷದಲ್ಲಿ ಮೊದಲ ಸಲ ತಮ್ಮ ಊರನ್ನು ಕಣ್ಣಾರೆ ಕಂಡ ಮುದುಕರು ಬುಗುಟು ಉಜ್ಜಿಕೊಳ್ಳುತ್ತ ಹಿಗ್ಗಿನಿಂದ ಓಡಾಡಿದರು. ಶ್ರೀಪತಿರಾಯರ ಮುಖದ ಬಣ್ಣ ಬದಲಾಗಿತ್ತು. ನಕ್ಷೆಯನ್ನೊಮ್ಮೆ ನೆಲವನ್ನೊಮ್ಮೆ ನೋಡಿ ತಲೆ ಆಡಿಸುತ್ತಿದ್ದರು.

ಗಿರಣಿ ಮೂಲೆಯೊಂದೇ ಖಾಲಿ. ಮೂವತ್ತೊಂಬತ್ತು ಮಂದಿಯಲ್ಲಿ ಅಲ್ಲಿಗೆ ಹೋದವರೆಲ್ಲ ನನ್ನ ದಪ್ಪ ಗೆರೆಯ ಮೇಲೆ ಹೂವಿನ ಮೇಲೆ ನಡೆದಂತೆ ನಡೆದು ಹೋದರು. ಒಬ್ಬರೂ ನಿಲ್ಲಲಿಲ್ಲ. ಅಲ್ಲಿ ಯಾವತ್ತೂ ಗೋಡೆ ಇರಲೇ ಇಲ್ಲ. ಹಾಗಾದರೆ ಇಷ್ಟು ವರ್ಷ ಕಣ್ಣು ಬಿಟ್ಟುಕೊಂಡು ಅಲ್ಲಿ ಯಾಕೆ ಸುತ್ತಿ ಹೋಗುತ್ತಿದ್ದರು? ನೇರ ಹೋದರೆ ನನ್ನ ಸುಳ್ಳು ಬಯಲಾಗುತ್ತದೆ ಎಂದು. ಹೊಸ ಸೊಸೆಯ ಮಾನ ಹೋಗಬಾರದು ಎಂದು. ಅಡ್ಡ ಹಾಯಲು ಹೋದ ಮಕ್ಕಳಿಗೂ ಗದರಿಸಿ ಸುತ್ತಿ ನಡೆಯಲು ಕಲಿಸಿದ್ದರು. ನಾಚಿಕೆಯಿಂದ ನೆಲಕ್ಕೆ ಇಳಿದುಹೋದೆ.

ಕೊನೆಯದಾಗಿ ಬಾಳವ್ವನ ಕಣ್ಣು ಕಟ್ಟಿದರು. ನನ್ನ ಅತ್ತೆಯ ಮೂಗು ಸಾಮಾನ್ಯದ ಮೂಗಲ್ಲ. ಟವೆಲ್ಲು ಎಷ್ಟು ಬಿಗಿದರೂ ಮೂಗಿನ ಎರಡೂ ಪಕ್ಕ ಸಂದು ಉಳಿಯಿತು. ಅವಳು ಆ ಸಂದಿಯಿಂದ ಇಣುಕುತ್ತ, ಕತ್ತು ಮೇಲೆ ಮಾಡಿಕೊಂಡು, ಯಾವ ಗೋಡೆಯನ್ನೂ ತಾಕದೆ ನೆಟ್ಟಗೆ ಗಿರಣಿ ಮೂಲೆಗೆ ಬಂದಳು. ನನ್ನ ಗೆರೆಯಿದ್ದ ಜಾಗದಲ್ಲಿ ನಿಂತು, ಎರಡು ಹೆಜ್ಜೆ ಹಿಂದೆ ಸರಿದು, “ಅಯ್ಯಯ್ಯೋ ಸತ್ನೆಪ್ಪೋ!” ಎಂದು ಕಿರುಚಿ, ಸೀರೆ ಸರಿಮಾಡಿಕೊಂಡು, ಮಣ್ಣಿಲ್ಲದ ಜಾಗ ನೋಡಿ ಬಿದ್ದಳು.

ಶ್ರೀಪತಿರಾಯರು ಅವಳ ಹಣೆ ನೋಡಿದರು. ಏನೂ ಇರಲಿಲ್ಲ. ಕನ್ನಡಕ ತೆಗೆದು ಒರೆಸಿ ಮತ್ತೆ ನೋಡಿದರು.

“ಎಲ್ಲ ಸರಿ ಇತ್ತು,” ಎಂದು ನಿಟ್ಟುಸಿರು ಬಿಟ್ಟರು. “ಆದರೆ ಇಲ್ಲಿಗೆ ಬಂದವರೆಲ್ಲ ದಾಟಿದ್ದಾರೆ, ಈ ಅಜ್ಜಿ ಮಾತ್ರ ಬಿದ್ದಿದ್ದಾರೆ. ಅಜ್ಜಿ ನಾಟಕ ಮಾಡಿದ್ದಾರೆ. ಸುಳ್ಳು ಸಾಕ್ಷಿ. ದೊಡ್ಡವರಾಗಿದ್ದಾಗ ಊರು ಬಿಟ್ಟವರು ಇವರೊಬ್ಬರೇ ಬೇರೆ. ನಿಯಮದ ಪ್ರಕಾರ ಪುಟ ಮುಚ್ಚಬೇಕಾಗುತ್ತೆ.”

ಅತ್ತೆ ಬಿದ್ದಲ್ಲಿಂದಲೇ ನನಗೆ ಸುಮ್ಮನಿರು ಎಂದು ಕಣ್ಸನ್ನೆ ಮಾಡಿದಳು. ಸುಮ್ಮನಿರಲು ಆಗಲಿಲ್ಲ. ಸುಣ್ಣದ ಪುಟ್ಟಿ ಕೆಳಗಿಟ್ಟು, ಎಲ್ಲರ ಎದುರಿಗೆ, ಹಣೆಯೆತ್ತಿ, ಸುಣ್ಣದಲ್ಲಿ ಮೂಡಿದ ಗೋಡೆಗಳನ್ನು ಒಂದಾದ ಮೇಲೊಂದು ದಾಟಿಕೊಂಡು ಈ ಕಡೆಯಿಂದ ಆ ಕಡೆಗೆ ನಡೆದೆ. ಮತ್ತೆ ಆ ಕಡೆಯಿಂದ ಈ ಕಡೆಗೆ ಬಂದೆ. “ಸುಳ್ಳು ನನ್ನದು ಸಾಹೇಬ್ರ. ನನಗ ಒಂದು ಗೋಡೀನೂ ತಾಕಂಗಿಲ್ಲ. ಆ ಗೆರಿ ನಂದು. ನಮ್ಮತ್ತಿ ನನ್ನ ಮರ್ಯಾದಿ ಉಳಸಾಕ ಬಿದ್ದಾರ,” ಎಂದೆ. ಯಾರೂ ಆಶ್ಚರ್ಯಪಡಲಿಲ್ಲ. ಗೌರವ್ವ ಮಾತ್ರ ಸೆರಗಿನಿಂದ ಕಣ್ಣು ಒರೆಸಿಕೊಂಡಳು.

ಶ್ರೀಪತಿರಾಯರಿಗೆ ಸಮಾಧಾನವಾಯಿತು. ಕೆಟ್ಟ ಮನುಷ್ಯರಲ್ಲ ಅವರು. “ಹಾಗಾದರೆ ಸುಲಭ ಆಯ್ತಲ್ಲ! ತಪ್ಪು ಹೊರಗಿನವರದು, ಊರವರದಲ್ಲ. ನೀವೊಂದು ಸಾಲು ಬರೆದುಕೊಡಿ. ‘ನಾನು ಈ ಊರಿನವಳಲ್ಲ.’ ಅಷ್ಟೇ. ಅಜ್ಜಿ ಬಿದ್ದದ್ದನ್ನ ನಾನು ನೋಡೇ ಇಲ್ಲ ಅಂದ್ಕೋತೀನಿ,” ಎಂದು ಹಾಳೆ ಮುಂದಿಟ್ಟು ಪೆನ್ನು ಕೊಟ್ಟರು. ನಲವತ್ತು ಜನರ ಊರು ಉಳಿಯಲು ನನ್ನದೊಂದು ಸಾಲು. ಪೆನ್ನು ತೆಗೆದುಕೊಂಡೆ.

“ಬರಿಬ್ಯಾಡ ನೀಲಾ.”

ಅತ್ತೆ ಎದ್ದು ಕೂತಿದ್ದಳು. ಟವೆಲ್ಲು ಕೊರಳಿಗೆ ಜಾರಿತ್ತು. “ಆ ಸಾಲು ಬರಿಬ್ಯಾಡ. ಆ ಸಾಲು ನಾ ನೋಡೀನಿ,” ಎಂದಳು. ಆಮೇಲೆ ಶ್ರೀಪತಿರಾಯರ ಕಡೆ ತಿರುಗಿದಳು. “ನಮ್ಮೂರಿಗೂ ಹಿಂಗ ಒಬ್ಬಾಂವ ಬಂದಿದ್ದರಿ. ಹಿಂಗ ಮೇಜು ಹಾಕ್ಕೊಂಡು ಕುಂತಿದ್ದ. ಕೈಯಾಗ ನಕ್ಷಾ. ನಕ್ಷಾದಾಗ ನಿಮ್ಮೂರ ಇಲ್ಲ ಅಂದ. ಇಲ್ಲಾ ಅಂದ್ರ ಬರಕೋರಿ, ಊರಾಗ ನಿಂತೀರಲ್ಲಾ ಅಂದ್ರು ನಮ್ಮ ಮಾವ. ನಕ್ಷಾ ಅಚ್ಚಾಗಿ ಬಂದೈತಿ, ತಿದ್ದಾಕ ಬರಂಗಿಲ್ಲ ಅಂದ. ನಕ್ಷಾ ತಿದ್ದಾಕ ಬರಂಗಿಲ್ಲಂತ ನಮ್ಮನ್ನ ಎಬ್ಬಿಸಿದ್ರು. ಒಂದು ಹಾಳಿ ಮ್ಯಾಲ ಇದ ಸಾಲು ಬರದಿದ್ದ, ನಾವು ಈ ಊರಿನವರಲ್ಲ ಅಂತ. ಓದಿ ಹೇಳಿದ. ಕೆಳಗ ಎಲ್ಲಾರ ಹೆಬ್ಬಟ್ಟು ಒತ್ತಿಸಿಕೊಂಡ. ನಮ್ಮ ಮಾವ ಒತ್ತಂಗಿಲ್ಲ ಅಂದ್ರು, ಇಬ್ಬರು ಕೈ ಹಿಡದು ಒತ್ತಿಸಿದ್ರು. ನಾ ಒಲಿ ಮ್ಯಾಲ ಹಾಲು ಇಟ್ಟು ಬಂದಿದ್ದೆ. ಇಳಿಸಿ ಬರ್ತೀನ್ರಿ ಅಂದೆ. ಒಳಗ ಬಿಡಲಿಲ್ಲ. ಲಾರಿ ಹತ್ತಿದ ಮ್ಯಾಲ ಹಾಲು ಹೊತ್ತಿದ ವಾಸನಿ ಬಂತು. ಊರು ದಾಟೂತನಾ ಬಂತು.”

ಐವತ್ತೈದು ವರ್ಷ ಅವಳ ಹೊಟ್ಟೆಯಲ್ಲಿದ್ದ ಮಾತು ಅದು. ಸಂಕಪ್ಪ ಬಾಯಿ ತೆರೆದುಕೊಂಡು ಕೇಳುತ್ತಿದ್ದ. ತನ್ನ ತಾಯಿ ಲಾರಿಯಲ್ಲಿ ಯಾಕೆ ಅತ್ತಳೆಂದು ಅವನಿಗೆ ಅರವತ್ತರಲ್ಲಿ ತಿಳಿಯಿತು.

ಸರಸರ ಸದ್ದು ಕೇಳಿ ತಿರುಗಿದರೆ, ಶ್ರೀಪತಿರಾಯರು ನನ್ನ ಮುಂದಿಟ್ಟ ಹಾಳೆಯನ್ನು ತಾವೇ ಎಳೆದುಕೊಂಡು ಇನ್ನೊಂದು ಪೆನ್ನಿನಿಂದ ಬರೆಯುತ್ತಿದ್ದರು. ತಲೆ ಎತ್ತದೆ ಕೇಳಿದರು. “ಹಾಲು ಆಕಳದ್ದೋ ಎಮ್ಮೇದೋ?”

“ಎಮ್ಮಿದರಿ.”

“ಎಮ್ಮೆ,” ಎಂದು ಬರೆದರು. “ಜೋಕಾಲಿ ಎಷ್ಟು?”

ಅತ್ತೆ ಸ್ವಲ್ಪ ಯೋಚಿಸಿದಳು. “ಜೋಕಾಲಿ ಇರಲಿಲ್ಲರಿ. ಅದು ಬಿಡ್ರಿ.”

“ನೀವು ಹೇಳಿದ್ದು ನನ್ನ ಕೈಬರಹದಲ್ಲೇ ಇದೆ, ಅಧಿಕಾರಿಯೇ ಬರೆದುಕೊಂಡ ಹೇಳಿಕೆ ಇದ್ದರೆ ನಿಯಮದ ಪ್ರಕಾರ ಪುಟ ಮುಚ್ಚೋಕೆ ಬರೋದಿಲ್ಲ,” ಎಂದು ಅವರು ಹಾಳೆ ಬೀಸಿ ಒಣಗಿಸಿದರು. “ಆದರೆ ಉಳಿದ ಮೂವತ್ತೊಂಬತ್ತನ್ನೂ ನಾನೇ ಕೇಳಿ ಬರೆಯಬೇಕಾಗುತ್ತೆ.” ಆ ಕ್ಷಣವೇ ಮೂವತ್ತೊಂಬತ್ತು ಜನ ಸಾಲುಗಟ್ಟಿ ನಿಂತರು. ಎಲ್ಲರಿಗಿಂತ ಮುಂದಿದ್ದ ಸಂಕಪ್ಪ ಗಂಟಲು ಸರಿಮಾಡಿಕೊಂಡು, “ನಮ್ಮನ್ಯಾಗ ಇತ್ತರಿ ಜೋಕಾಲಿ,” ಎಂದ. ಶ್ರೀಪತಿರಾಯರು ಕಣ್ಣು ಮುಚ್ಚಿಕೊಂಡರು.

ನನ್ನ ಗೆರೆಯ ಮಾತು ಉಳಿದಿತ್ತು. ನಕ್ಷೆ ನೋಡಿ, “ಪೆನ್ಸಿಲ್ಲಿನಲ್ಲೇ ಇದೆಯಲ್ಲ, ಅಳಿಸಿದರೆ ಆಯ್ತು,” ಎಂದು ಜೇಬಿನಿಂದ ರಬ್ಬರು ತೆಗೆದು ನಾಲ್ಕು ಸಲ ಉಜ್ಜಿ ಊದಿಬಿಟ್ಟರು. ಅತ್ತೆ ಮೇಜಿನ ಹತ್ತಿರ ಬಂದು ಆ ರಬ್ಬರನ್ನು ಎತ್ತಿ, ತಿರುಗಿಸಿ ನೋಡಿದಳು. “ಇಷ್ಟ ಇತ್ತು ನೋಡು ಕೆಲಸ,” ಎಂದು ಮೆಲ್ಲಗೆ ಅಂದು ಅಲ್ಲೇ ಇಟ್ಟಳು.

ಹಾಳೆಯ ಕೆಳಗೆ ಅಚ್ಚಾಗಿದ್ದ ಒಂದು ಕಾಲಂ ಖಾಲಿ ಇತ್ತು. ಹೇಳಿಕೆ ಕೊಟ್ಟವರನ್ನು ಗುರುತಿಸುವವರು, ಅವರೂ ಅದೇ ಊರಿನವರಾಗಿರಬೇಕು. “ಯಾರು ಗುರುತಿಸ್ತೀರಿ?” ಎಂದು ಅವರು ಕೇಳಿದ್ದೇ ತಡ, ಅತ್ತೆ ನನ್ನ ರಟ್ಟೆ ಹಿಡಿದು ಮುಂದಕ್ಕೆ ಎಳೆದಳು.

“ಅಲ್ಲಮ್ಮ, ಇವರಿಗೆ ಗೋಡೆ ತಾಗೋದಿಲ್ಲ ಅಂತ ಇವರೇ ಈಗಷ್ಟೇ...”

“ಇಪ್ಪತ್ತೆರಡು ವರ್ಷ, ತಲಿ ಮ್ಯಾಲ ಕೊಡ ಇಟ್ಕೊಂಡು, ಇಕಿ ಸಲುವಾಗಿ ಇಲ್ಲದ ಗ್ವಾಡಿ ಸುತ್ತಿ ನೀರು ತಂದೀನಿ,” ಎಂದಳು ಬಾಳವ್ವ. “ಇಕಿ ಯಾವೂರಾಕಿ ಅಂತ ನನ್ನ ಮೊಣಕಾಲಿಗೆ ಕೇಳ್ರಿ.”

ನಾನು ಸಹಿ ಹಾಕಿದೆ. ಅದರ ಕೆಳಗೆ ‘ಊರು’ ಎಂದು ಇದ್ದಲ್ಲಿ ಹಳೆಯೂರಿನ ಹೆಸರು ಬರೆದೆ. ಶ್ರೀಪತಿರಾಯರು ಅದನ್ನು ಓದಿ ನನ್ನ ಮುಖವನ್ನೊಮ್ಮೆ, ಅತ್ತೆಯ ಮೊಣಕಾಲನ್ನೊಮ್ಮೆ ನೋಡಿ ಮೊಹರು ಒತ್ತಿದರು.